ಡಬ್ಬಿಯ ಹಿಂಬದಿ

ಹೊಸ ಹಲ್ಲು ಕೂರಿಸಲು ದವಡೆಯ ಮೂಳೆ ಸಾಲದಿದ್ದರೆ ಅಲ್ಲಿ ಬಿಳಿ ಹರಳು ತುಂಬುತ್ತಾರೆ. ಅದನ್ನು ಉಡುಪಿ, ಕಾಪು, ಕಾರ್ಕಳದ ಕ್ಲಿನಿಕ್ಕುಗಳಿಗೆ ತಲುಪಿಸುವುದು ನನ್ನ ಕೆಲಸ. ಬೇರೆ ಕಡೆ ಜನ ಮೊದಲು ರೇಟು ಕೇಳುತ್ತಾರಂತೆ. ನಮ್ಮಲ್ಲಿ ಮೊದಲ ಪ್ರಶ್ನೆಯೇ ಬೇರೆ: "ಇದು ಎಂತದ್ದು? ಪ್ರಾಣಿಯ ಮೂಳೆಯಾ?" ದನದ್ದು ಬೇಡ ಎನ್ನುವವರು, ಹಂದಿಯದ್ದು ಬೇಡ ಎನ್ನುವವರು, ಯಾವುದೂ ಬೇಡ ಎನ್ನುವವರು. ಹಾಗಾಗಿ ಪ್ರಾಣಿಯದ್ದೇನೂ ಇಲ್ಲದೆ ಕಾರ್ಖಾನೆಯಲ್ಲಿ ತಯಾರಾಗುವ ಸೆರಾಮಿಕ್‌ಗೇ ಇಲ್ಲಿ ಬೇಡಿಕೆ. ಅದು ಸದಾ ಖಾಲಿ, ನಾನು ಸದಾ ಓಟದಲ್ಲಿ.

ಆ ಮಧ್ಯಾಹ್ನ ಕಾಪುವಿನ ಒಂದು ಕ್ಲಿನಿಕ್ಕಿನಲ್ಲಿದ್ದೆ. ಕುರ್ಚಿಯಲ್ಲಿದ್ದವರು ನಿವೃತ್ತ ಟೀಚರು, ಮೊಟ್ಟೆಯನ್ನೂ ಮುಟ್ಟದವರು. ಹಿಂದಿನ ವಾರ ಡಾಕ್ಟರಿಂದ ನನ್ನ ನಂಬರು ಪಡೆದು ಫೋನಿನಲ್ಲಿ ಎರಡೆರಡು ಸಲ ಕೇಳಿದ್ದರು. "ಪೂರ್ತಿ ಸೆರಾಮಿಕ್, ಧೈರ್ಯವಾಗಿರಿ" ಎಂದಿದ್ದೆ. ಈಗ ಅವರ ವಸಡು ಕೊಯ್ದು ಬಿಡಿಸಿಯಾಗಿತ್ತು. ನರ್ಸ್ ಸೀಲು ಒಡೆಯಲು ಹೊರಟಾಗ ಡಬ್ಬಿಯ ಹಿಂಬದಿಯ ಸಣ್ಣಕ್ಷರ ನನ್ನ ಕಣ್ಣಿಗೆ ಬಿತ್ತು. ದನದ ಮೂಳೆಯಿಂದ ತಯಾರಿಸಿದ್ದು. ಎರಡು ಬಗೆಗೂ ಅದೇ ಕಂಪೆನಿ, ಅದೇ ನೀಲಿ ಡಬ್ಬಿ. ಇವರಿಗೆಂದು ಇಟ್ಟಿದ್ದ ಸೆರಾಮಿಕ್ಕನ್ನು ಬೆಳಿಗ್ಗೆ ಅದಲುಬದಲು ಮಾಡಿ ಕಾರ್ಕಳದಲ್ಲಿ ಕೊಟ್ಟು ಬಂದಿದ್ದೆ.

"ಒಡೆಯಬೇಡಿ" ಎಂದೆ. ಡಾಕ್ಟರು ಲೇಬಲ್ ಓದಿ, ನನ್ನನ್ನು ಮೂಲೆಗೆ ಕರೆದು ಪಿಸುಗುಟ್ಟಿದರು: "ಇದೂ ಒಳ್ಳೆಯದೇ ಉಂಟು ಮಾರಾಯ. ಅವರಿಗೆ ಹೇಗೆ ಗೊತ್ತಾಗ್ತದೆ?"

ಗೊತ್ತಾಗುತ್ತಿರಲಿಲ್ಲ, ನಿಜ. ಹಾಗೆಯೇ ಮುಗಿದುಹೋದರೆ ಸಾಕೆಂದು ನನಗೂ ಒಂದು ಕ್ಷಣ ಆಸೆಯಾಯಿತು. ಆದರೆ ಟೀಚರು ಬಾಯಿ ತೆರೆದುಕೊಂಡೇ ನನ್ನನ್ನು ನೋಡುತ್ತಿದ್ದರು. ಮರಗಟ್ಟಿದ್ದದ್ದು ದವಡೆ ಮಾತ್ರ. ಹತ್ತಿರ ಹೋಗಿ, "ತಪ್ಪಾಗಿದೆ ಟೀಚರ್, ಇದು ದನದ್ದು" ಎಂದುಬಿಟ್ಟೆ. ಅವರು ಕೈ ಎತ್ತಿ ಬೇಡವೆಂದು ಆಡಿಸಿದರು.

ಮಣಿಪಾಲದ ನಮ್ಮ ಆಫೀಸಿನಲ್ಲಿ ಒಂದೇ ಒಂದು ಸೆರಾಮಿಕ್ ಡಬ್ಬಿ ಉಳಿದಿತ್ತು. "ಅರ್ಧ ಗಂಟೆ ಕಾಯ್ತೇನೆ. ಆಮೇಲೆ ಹೊಲಿದುಬಿಡುವುದೇ. ಇನ್ನೊಂದು ದಿನ ಪುನಃ ಕೊಯ್ಯಬೇಕಾಗ್ತದೆ" ಎಂದು ಡಾಕ್ಟರು ಗಡುವು ಕೊಟ್ಟರು. ಅಲ್ಲಿದ್ದ ಸಹೋದ್ಯೋಗಿ ಅದನ್ನು ಹಿಡಿದು ಅಲೆವೂರಿನ ಒಳದಾರಿಯಲ್ಲಿ ಬೈಕು ಬಿಟ್ಟ. ನಾನು ಬಾಗಿಲಿಗೂ ಕುರ್ಚಿಗೂ ಓಡಾಡಿದೆ. ಮೂರು ಸಲ ಫೋನು ಮಾಡಿದೆ, ಅವನು ಎತ್ತಲಿಲ್ಲವೆಂದು ಸಿಟ್ಟಾದೆ. ಬೈಕಿನ ಮೇಲಿರುವವನು ಹೇಗೆ ಎತ್ತಿಯಾನು ಎಂಬ ಬುದ್ಧಿಯೂ ನನಗಿರಲಿಲ್ಲ. ಟೀಚರು ಒದ್ದೆ ಹತ್ತಿ ಕಚ್ಚಿಕೊಂಡು ಕಣ್ಣು ಮುಚ್ಚಿದ್ದರು. ಡಾಕ್ಟರು ಹೊಲಿಗೆಯ ಸೂಜಿಗೆ ಕೈ ಹಾಕುವಾಗ ಬೈಕು ಬಂತು. ಈ ಸಲ ಡಬ್ಬಿಯನ್ನು ತಿರುಗಿಸಿ ಟೀಚರ ಕಣ್ಣೆದುರು ಹಿಡಿದೆ. ಅವರು ಓದಿ ತಲೆಯಾಡಿಸಿದರು.

ಎಲ್ಲ ಮುಗಿದ ಮೇಲೆ, ಒಂದು ಒಳ್ಳೆಯ ಮಾತು ಸಿಕ್ಕೀತೆಂದು ನಾಚಿಕೆಬಿಟ್ಟು ಅಲ್ಲೇ ನಿಂತಿದ್ದೆ. ಟೀಚರು ತೊದಲುತ್ತಾ ಕೇಳಿದರು:

"ನನಗಿಂತ ಮೊದಲು ಕೇಳಿದವರಿಗೂ ನೀವೇ ಹೇಳಿದ್ದಲ್ವಾ, ಸೆರಾಮಿಕ್ ಅಂತ?"

"ಹೌದು."

"ಅವರ ಡಬ್ಬಿಗಳನ್ನೆಲ್ಲ ಓದಿಯೇ ಹೇಳಿದ್ದಾ?"

ನಾನು ಈ ಕೆಲಸಕ್ಕೆ ಸೇರಿ ಆರು ವರ್ಷವಾಗಿತ್ತು. "ಇಲ್ಲ" ಎಂದೆ.