ವಾರ್ನಿಶ್ ಬಳಿದ ಮನೆ

ನನ್ನ ಸೋದರಮಾವ ಬಡಗಿ. ಹಗಲೆಲ್ಲ ಉಪ್ಪುಕಾಗದ ಹಿಡಿದು ಮರ ಉಜ್ಜುವ ಅವನಿಗೆ 'ಉಪ್ಪುಕಾಗದ' ಎಂದೇ ಅಡ್ಡಹೆಸರು ಬಿದ್ದಿತ್ತು. ಸ್ವಭಾವವೂ ಹಾಗೇ, ತಾಗಿದರೆ ತರಚುತ್ತದೆ. ಮದುವೆ ಗಿದುವೆ ಏನೂ ಇಲ್ಲದೆ ನಮ್ಮ ಮನೆಯಲ್ಲೇ ಇದ್ದ. ನಮ್ಮ ಜೊತೆ ಎರಡು ಮಾತಾಡಿದರೆ ಹೆಚ್ಚು. ಉಳಿದ ಮಾತೆಲ್ಲ 'ಮೀಸೆ' ಎಂಬ ಅವನ ಮುದಿ ನಾಯಿಯ ಜೊತೆ.

ಮೀಸೆಗೆ ಕಣ್ಣು ಹೋಗಿದೆ ಎಂದು ದನದ ಡಾಕ್ಟರು ಹೇಳಿದಾಗ ನಾವು ನಂಬಲಿಲ್ಲ. ಅವತ್ತು ಬೆಳಿಗ್ಗೆ ತಾನೇ ಅದು ಅಂಗಳದಿಂದ ನೆಟ್ಟಗೆ ಅಡುಗೆಮನೆಗೆ ಬಂದು ಅಮ್ಮನ ಕಾಲಬಳಿ ಕೂತಿತ್ತು.

"ಕಣ್ಣು ಹೋಗಿ ತುಂಬಾ ದಿನ ಆಗಿದೆ. ಮೂಗು, ಕಿವಿ, ಮೂತಿ ಕೂದಲು ಇದಾವಲ್ಲ, ಅದರಲ್ಲೇ ನಿಮ್ಮನ್ನ ಯಾಮಾರಿಸಿದೆ," ಎಂದು ಡಾಕ್ಟರು ನಕ್ಕರು.

ಆಮೇಲೆ ಗಮನವಿಟ್ಟು ನೋಡಿದೆ. ಮೂಗು ನೆಲಕ್ಕಿಟ್ಟು ತನ್ನದೇ ಹೆಜ್ಜೆಯ ವಾಸನೆ ಹಿಡಿದು ಬರುತ್ತಿತ್ತು. ಬೀರುವಿನ ಮೂಲೆಗೆ ಮೂತಿಯ ಕೂದಲು ತಾಗಿದ್ದೇ ತಡ, ಎಡಕ್ಕೆ ತಿರುಗುತ್ತಿತ್ತು. ಹಿತ್ತಲ ಬಾಗಿಲಿನ ಗಾಳಿ ಮುಖಕ್ಕೆ ಬಡಿದರೆ ನಿಧಾನಿಸುತ್ತಿತ್ತು, ಅಲ್ಲಿ ಮೆಟ್ಟಿಲಿದೆ.

ಮಾವನಿಗೆ ಇದರಿಂದ ಸಮಾಧಾನವಾಗಲಿಲ್ಲ. ಮೇಜಿನ ಮೂಲೆ ಚುಚ್ಚಿದರೆ? ಬೆಂಚಿಗೆ ತಲೆ ಬಡಿದರೆ? ಎರಡು ದಿನ ಸರಿಯಾಗಿ ಊಟವನ್ನೂ ಮಾಡಲಿಲ್ಲ. ಮೂರನೆಯ ದಿನ ಮೀಸೆಯನ್ನು ಅಂಗಳದಲ್ಲಿ ಕಟ್ಟಿ, ಮನೆಯ ಸಾಮಾನನ್ನೆಲ್ಲ ಗೋಡೆಗೆ ಸರಿಸಿ, ಒಂದೊಂದು ಮೂಲೆಯನ್ನೂ ಉಜ್ಜಿ ದುಂಡಗೆ ಮಾಡಿದ. ಅಷ್ಟಕ್ಕೆ ಬಿಡಬಾರದಿತ್ತೇ ಪುಣ್ಯಾತ್ಮ! ಉಜ್ಜಿದ ಮರವನ್ನು ಬೋಳಾಗಿ ಬಿಡಲು ಬಡಗಿಗೆ ಮನಸ್ಸು ಬರಬೇಕಲ್ಲ. ಎಲ್ಲಕ್ಕೂ ವಾರ್ನಿಶ್ ಬಳಿದ. ನಮಗೇ ಕಣ್ಣುರಿ, ತಲೆನೋವು.

ಸಂಜೆ ಮೀಸೆಯನ್ನು ಒಳಗೆ ಬಿಟ್ಟ. ನಾಲ್ಕು ಹೆಜ್ಜೆ ಇಟ್ಟು ಸೀನಿತು. ಬೀರು ಇದ್ದ ಕಡೆ ಮೂತಿ ಚಾಚಿತು. ಅಲ್ಲಿ ಏನೂ ಇಲ್ಲ. ಇನ್ನೊಂದು ಕಡೆ ಚಾಚಿತು, ಅಲ್ಲೂ ಇಲ್ಲ. ಹುಟ್ಟಿದಾಗಿನಿಂದ ಓಡಾಡಿದ ಕೋಣೆಯ ನಡುವೆ ನಿಂತು ಗಡಗಡ ನಡುಗತೊಡಗಿತು.

"ಬಾರೋ, ನಾನು ಕಣೋ," ಎಂದು ಮಾವ ಹತ್ತಿರ ಹೋದ. ಮೀಸೆ ಹಲ್ಲು ಕಿರಿದು ಹಿಂದೆ ಸರಿಯಿತು. ವಾರ್ನಿಶ್ ಒಣಗಲೆಂದು ಬೀದಿ ಬಾಗಿಲು ತೆರೆದೇ ಇತ್ತು. ಗಾಳಿ ಬಂದ ದಿಕ್ಕು ಹಿಡಿದು ಒಂದೇ ಓಟ.

ಬೀದಿ ಮುಗಿದರೆ ದೊಡ್ಡ ರಸ್ತೆ. ಕಣ್ಣು ಕಾಣದ ಪ್ರಾಣಿ, ಅಷ್ಟೊಂದು ಗಾಡಿಗಳು. ಮಾವ ಚಪ್ಪಲಿಯಿಲ್ಲದೆ ಓಡುತ್ತಿದ್ದ, ಕೂಗಿ ಕೂಗಿ ಅವನ ಗಂಟಲು ಕಟ್ಟಿ, ದನಿ ಅವನದೇ ಅಲ್ಲವೆನ್ನುವ ಹಾಗಾಗಿತ್ತು.

ಕೊನೆಗೆ ರಸ್ತೆ ಬದಿಯ ಲಾರಿಯೊಂದರ ಕೆಳಗೆ, ಹಿಂದಿನ ಚಕ್ರಕ್ಕೆ ಅಂಟಿಕೊಂಡು ಕೂತದ್ದು ಕಾಣಿಸಿತು.

"ಬೇಗ ಎಳ್ಕೊಳ್ಳಿ ಯಜಮಾನ್ರೇ, ಗಾಡಿ ತೆಗೀಬೇಕು," ಎಂದ ಡ್ರೈವರು.

ಮಾವ ಕೈ ಚಾಚಿದ. ಮೀಸೆ ಕಚ್ಚಿಬಿಟ್ಟಿತು.

"ಮಾವ, ಕೈ ತೆಗಿ!"

"ಸುಮ್ನಿರು. ನನ್ ಮೈಯೆಲ್ಲಾ ವಾರ್ನಿಶ್ ವಾಸನೆ. ಗುರುತು ಹತ್ತಲಿಲ್ಲ ಅವನಿಗೆ."

ಅಂಗಿ ಕಿತ್ತೆಸೆದು, ಅಂಗಾತ ಮಲಗಿ ಲಾರಿಯ ಕೆಳಗೆ ತೂರಿದ. ಮುಖವನ್ನೇ ಅದರ ಹಲ್ಲಿನ ಮುಂದಿಟ್ಟ. ನಾನು ಕಣ್ಣು ಮುಚ್ಚಿಕೊಂಡೆ. ಗುರುಗುಟ್ಟುವ ಸದ್ದು, ಆಮೇಲೆ ಮೂಸುವ ಸದ್ದು. ಕಣ್ಣು ತೆರೆದಾಗ ಮೀಸೆಯ ಮೂಗು ಅವನ ಕೂದಲು, ಕಿವಿ, ಕುತ್ತಿಗೆ ಎಂದು ಹುಡುಕುತ್ತಿತ್ತು. ಕಂಕುಳ ಹತ್ತಿರ ಬಂದು ನಿಂತಿತು. ಮರುಕ್ಷಣ ಕುಂಯ್ಗುಡುತ್ತ ತಲೆಯನ್ನು ಅಲ್ಲೇ ತುರುಕಿತು. ಡ್ರೈವರು ಬೀಡಿ ಹಚ್ಚಿ ಆಚೆ ಹೋಗಿ ನಿಂತ.

ಎತ್ತಿಕೊಂಡು ಬಂದರೂ ಮೀಸೆ ಹೊಸಿಲು ದಾಟಲಿಲ್ಲ. ಮಾವ ಅದರ ಜೊತೆ ಹೊರಗೇ ಕೂತ. ಅಮ್ಮ ಅವನ ಕೈಯ ಗಾಯ ತೊಳೆಯುತ್ತ, "ಕಣ್ಣಿಲ್ಲದ್ದು, ಅದಕ್ಕೇನು ಗೊತ್ತಾಗುತ್ತೆ, ಬಿಡೋ," ಎಂದಳು.

"ಎಲ್ಲಾ ಗೊತ್ತಾಗ್ತಿತ್ತಕ್ಕಾ," ಎಂದ ಮಾವ. "ಇವತ್ತು ನಾನು ಕುರುಡು ಮಾಡೋ ತನಕ."