ಎಡಗಣ್ಣಿನ ಸುಕ್ಕು

ಅವರ ಎಡಗಣ್ಣಿನ ಸುತ್ತ ಸುಕ್ಕೋ ಸುಕ್ಕು. ಬಲಗಣ್ಣಿನ ಬದಿ ಮಾತ್ರ ನುಣುಪು. ನಲವತ್ತು ವರ್ಷ ಬಲಗಣ್ಣನ್ನು ಕ್ಯಾಮೆರಾಕ್ಕೆ ಹಚ್ಚಿ, ಎಡಗಣ್ಣನ್ನು ಬಿಗಿಯಾಗಿ ಮುಚ್ಚಿ ದುಡಿದ ಮುಖ ಅದು. ಕೊರಿಯಾದ ಸಿನಿಮಾದಲ್ಲಿ ವೈರು ಹೊರುವ ಕೆಲಸದಿಂದ ಶುರುಮಾಡಿ ದೊಡ್ಡ ಛಾಯಾಗ್ರಾಹಕರಾದವರು. ಒಂದು ಚಿತ್ರದ ಕೆಲವು ದೃಶ್ಯಗಳಿಗೆಂದು ಮಾಸೂರಿನ ಮದಗದ ಕೆರೆಗೆ ಬಂದಿದ್ದರು. ಶಿಗ್ಗಾಂವದಲ್ಲಿ ಮದುವೆ ಫೋಟೊ ತೆಗೆಯುವ ನಾನು ಹತ್ತು ದಿನ ಅವರ ಸಹಾಯಕ್ಕೆ ನಿಂತೆ. ನಮ್ಮಿಬ್ಬರ ಮಾತು ದಾಟಿಸಲು ಬೆಂಗಳೂರಿನಿಂದ ಬಂದ ಹುಡುಗಿಯೊಬ್ಬಳಿದ್ದಳು.

ಅವರು ಕಲಿತ ಕನ್ನಡ ಒಂದೇ ಮಾತು: "ತಡೀರಿ." ಮೋಡ ಬಂದರೂ ತಡೀರಿ, ಬಿಸಿಲು ಬಂದರೂ ತಡೀರಿ. ಬೆಳಕಿಗಾಗಿ ಕಾದು ಕಾದು ನಮಗೆಲ್ಲ ಸಾಕುಸಾಕಾಗುತ್ತಿತ್ತು. ಭತ್ತ ನಾಟಿ ಮಾಡುತ್ತಿದ್ದ ಅಜ್ಜಿಯೊಬ್ಬಳು ಎದ್ದು ನಿಂತು, "ಯಜಮಾನ್ರ, ನಿಮ್ಮ ತಡೀರಿ ಮುಗಿಯೂದ್ರಾಗ ನನ್ನ ನಡಾ ಮುರೀತೈತಿ!" ಅಂದಳು. ಅರ್ಥವಾಗದಿದ್ದರೂ ಅವರು ಬಾಯ್ತುಂಬ ನಕ್ಕರು.

ಕೊನೆಯ ದಿನ ಆ ಅಜ್ಜಿಯ ಮುಖವನ್ನೇ ತೆಗೆದರು. ನಿರ್ದೇಶಕರು ಅಷ್ಟರಲ್ಲಿ ಊರಿಗೆ ಮರಳಿದ್ದರು. ಫೋಕಸ್ ತಿರುಗಿಸಿದ್ದು ಇವರೇ. ಕ್ಯಾಮೆರಾ ಕಂಡದ್ದನ್ನು ತೋರಿಸುವ ಚಿಕ್ಕ ಪರದೆ ನನ್ನ ಕೈಯಲ್ಲಿತ್ತು. ಮುಗಿದ ಮೇಲೆ ಕಣ್ಣೊರೆಸಿಕೊಂಡು ಏನೋ ಕೇಳಿದರು.

"ಮುಖ ಸ್ಪಷ್ಟವಾಗಿ ಬಂದಿದೆಯಾ ಅಂತ ಕೇಳ್ತಿದ್ದಾರೆ," ಅಂದಳು ಹುಡುಗಿ.

ಬಂದಿರಲಿಲ್ಲ. ಹಿಂದಿನ ಗದ್ದೆಯ ಸಸಿಗಳನ್ನು ಎಣಿಸಬಹುದಿತ್ತು, ಮುಖ ಮಾತ್ರ ಮಸುಕು. ಆದರೆ ಮದುವೆ ಫೋಟೊದವ ನಾನು, ಅಂಥ ಹಿರಿಯರ ಎದುರು ನಿಂತು ತಪ್ಪಾಗಿದೆ ಅನ್ನುವುದು ಹೇಗೆ? ನಮ್ಮ ಕಡೆ ಹಾಗೆ ಅನ್ನುವ ರೂಢಿಯೇ ಇಲ್ಲ. "ಛಲೋ ಬಂದೈತ್ರಿ," ಅಂದುಬಿಟ್ಟೆ. ಬೆಳಕು ಇನ್ನೂ ಇತ್ತು, ಅಜ್ಜಿಯೂ ಅಲ್ಲೇ ಇದ್ದಳು. ಇನ್ನೊಮ್ಮೆ ತೆಗೆಯಬಹುದಿತ್ತು.

ಅವರ ಊರಿನ ದೊಡ್ಡ ಪರದೆಯ ಮೇಲೆ ಎಲ್ಲ ಬಯಲಾಯಿತು. ದೃಶ್ಯವನ್ನು ಕಿತ್ತುಹಾಕಿದರು. ಕಣ್ಣು ಮಂದವಾಗಿದೆಯೆಂದು ಮುಂದಿನ ಚಿತ್ರವನ್ನು ಬೇರೆಯವರಿಗೆ ಕೊಟ್ಟರು. ಆಮೇಲೆ ಯಾರೂ ಅವರನ್ನು ಕರೆಯಲಿಲ್ಲ. ಅವರ ಒಂದು ಪ್ರಶ್ನೆಯನ್ನು ಹುಡುಗಿ ನನಗೆ ಕಳಿಸಿದಳು: "ಆ ದಿನ ನಿನಗೂ ಕಾಣಲಿಲ್ಲವೇ?"

"ಕಾಣಲಿಲ್ರಿ," ಎಂದು ಬರೆದೆ. ಇನ್ನೊಂದು ಸುಳ್ಳು.

ಮರುದಿನವೇ ಉತ್ತರ ಬಂತು: "ಹಾಗಾದರೆ ತಪ್ಪು ನಿನ್ನದಲ್ಲ. ಮನಸ್ಸಿಗೆ ಹಚ್ಚಿಕೊಳ್ಳಬೇಡ. ಬೆಳಕೇ ಮೋಸ ಮಾಡಿರಬೇಕು."

ಅಯ್ಯೋ, ಕೆಲಸ ಕಳೆದುಕೊಂಡವರು ನನಗೆ ಸಮಾಧಾನ ಹೇಳುತ್ತಿದ್ದರು! ನಾಚಿಕೆಯಾಗಿ ಫೋನು ಕೆಳಗಿಟ್ಟೆ. ಇಂದು ನಾಳೆ ಅನ್ನುತ್ತ ನಿಜ ಬರೆಯದೇ ಉಳಿದೆ.

ಈ ವರ್ಷ ಅವರು ತೀರಿಕೊಂಡರೆಂದು ಅದೇ ಹುಡುಗಿ ತಿಳಿಸಿದಳು. ಮಂಟಪಗಳಲ್ಲಿ ನಿಂತು ನಿಂತು ನಾನೂ ದಣಿದಿದ್ದೇನೆ. ನನ್ನ ಎಡಗಣ್ಣಿನ ಬದಿಯಲ್ಲೂ ಸುಕ್ಕು ಬಿದ್ದಿದೆ. ಕನ್ನಡಿಯಲ್ಲಿ ಅದನ್ನು ಕಂಡಾಗಲೆಲ್ಲ ಅವರಿಗೆ ಹೇಳುತ್ತೇನೆ: ಬೆಳಕು ಮೋಸ ಮಾಡಿರಲಿಲ್ರಿ ಸರ್. ನನಗ ಕಂಡಿತ್ತು.