ಹೂಂ ಅಂದರಷ್ಟೇ ಮುಂದಿನ ಮಾತು

ನನ್ನ ಮೊಮ್ಮಗಳು ಗಿರಿಜಾ ಕಥೆ ಹೇಳುವಾಗ ಕೇಳುವವರು ನಡುನಡುವೆ ‘ಹೂಂ’ ಅನ್ನಲೇಬೇಕು. ಅನ್ನದಿದ್ದರೆ ಕಥೆ ಅಲ್ಲಿಗೇ ನಿಂತಿತು. ಕುದುರೆ ಹತ್ತಲು ಕಾಲೆತ್ತಿದ ರಾಜ ಕಾಲೆತ್ತಿಯೇ ನಿಂತಿರುತ್ತಿದ್ದ. ಸವಣೂರಿನ ನಮ್ಮ ಪಡಸಾಲೆಯಲ್ಲಿ ವೀಳ್ಯದೆಲೆ ಆರಿಸಿ ಕಟ್ಟು ಕಟ್ಟುವ ಹೆಂಗಸರಿಗೆ ಕಥೆ ಹೇಳುತ್ತಲೇ ಬೆಳೆದವಳು ಅವಳು. “ಹೂಂ ಅನ್ನದವರು ಮಲಗ್ಯಾರ ಅಂತ ಅರ್ಥ, ಆಯಿ. ಮಲಗಿದವರಿಗೆ ಯಾಕ ಹೇಳ್ಲಿ?” ಅನ್ನುತ್ತಿದ್ದಳು.

ಆಮೇಲೆ ಧಾರವಾಡದಲ್ಲಿ ಫ್ರೆಂಚ್ ಕಲಿತಳು. ರಜೆಗೆ ಬಂದಾಗ ಆ ದೇಶದ ಕಥೆಗಳನ್ನೂ ಅದೇ ಎಲೆರಾಶಿಯ ಮುಂದೆ ಕೂತು ಹೇಳುವಳು. ನಾನು ಎರಡನೇ ಇಯತ್ತೆಗೇ ಶಾಲೆ ಬಿಟ್ಟವಳು; ಆದರೂ ಎಲ್ಲ ತಿಳಿಯುತ್ತಿತ್ತು. ಅಲ್ಲಿಯ ಒಬ್ಬ ಅತ್ತೆ ಸೊಸೆಗೆ ರೊಟ್ಟಿಯ ಸುಟ್ಟ ತುದಿಯನ್ನೇ ಕೊಡುತ್ತಿದ್ದಳು ಎಂದಾಗ ಪಕ್ಕದ ಮನೆಯ ಖೈರುನ್‌ಬಿ, “ನಮ್ಮ ಓಣ್ಯಾಗಿನಾಕಿ ಅಲ್ಲಿಗೆ ಯಾವಾಗ ಹೋದ್ಲ?” ಎಂದಳು.

ಹುಬ್ಬಳ್ಳಿಯ ಒಂದು ಟಿವಿಯವರು ಫ್ರೆಂಚ್ ಪುಸ್ತಕಗಳ ಬಗ್ಗೆ ಭಾನುವಾರ ಭಾನುವಾರ ನೇರಪ್ರಸಾರದಲ್ಲಿ ಮಾತಾಡಲು ಅವಳನ್ನು ಕರೆದರು. ಮೊದಲ ಸಲದ್ದನ್ನು ನೋಡಿ, ಮುಂದುವರಿಸುವುದೋ ಬಿಡುವುದೋ ಹೇಳುತ್ತೇವೆ ಎಂದರಂತೆ. ನನಗೆ ಒಂದೇ ಹೆದರಿಕೆ. ಆ ಮುಚ್ಚಿದ ಕೋಣೆಯಲ್ಲಿ ಹೂಂ ಅನ್ನುವವರು ಯಾರು?

ಆ ಭಾನುವಾರ ಚಂದಾಗಿಯೇ ಶುರು ಮಾಡಿದಳು. ನಡುವೆ ತಟ್ಟನೆ ನಿಂತಳು. ಅವಳ ಕಣ್ಣುಗಳು ಯಾರನ್ನೋ ಹುಡುಕಿದವು. ನಾವೆಲ್ಲ ಕೈಯಲ್ಲಿನ ಎಲೆ ಬಿಟ್ಟು ಟಿವಿಯ ಕಡೆ ಬಾಗಿ “ಹೂಂ” ಅಂದೆವು. “ಜೋರ ಅನ್ರವಾ, ಹುಬ್ಬಳ್ಳಿ ದೂರ ಐತಿ,” ಎಂದಳು ಖೈರುನ್‌ಬಿ.

ಅಷ್ಟರಲ್ಲಿ ಟಿವಿಯೊಳಗಿಂದಲೇ ಒಂದು ಗಂಡುದನಿ “ಹೂಂ” ಅಂದಿತು. ಗಿರಿಜಾಳ ಮುಖ ಅರಳಿತು. ಆಮೇಲೆ ಅವಳ ಮಾತು ಎಲ್ಲಿಯೂ ತಡೆಯಲಿಲ್ಲ. ನಾನು ಸೆರಗಿನಿಂದ ಮುಖ ಒರೆಸಿಕೊಂಡೆ.

ಅವಳು ಊರಿಗೆ ಬಂದಾಗ ಆ ದನಿ ಯಾರದು ಎಂದು ಕೇಳಿದೆ.

“ಕ್ಯಾಮೆರಾದಂವ, ಆಯಿ. ನಮ್ಮ ಕಡೆ ಅಕ್ಕಿಆಲೂರಿನಾಂವ. ನಾ ನಿಂತಿದ್ದ ನೋಡಿ ತಾನಾಗೇ ಅಂದ. ಸಾಹೇಬ್ರು ಬೈದ್ರು.”

“ಮತ್ತ ಕೆಲಸ?”

“ಇಬ್ರದೂ ಉಳೀತು. ಮಂದಿಗೆ ಅದೇ ಭಾಳ ಸೇರಿತಂತ. ಇನ್ನ ವಾರಾ ವಾರಾ ಹೂಂ ಅನ್ನು ಅಂತ ಅವಗ ಹೇಳ್ಯಾರ.”

ಸಂತೋಷ ತಡೆಯಲಾರದೆ ಓಣಿಗೆಲ್ಲ ಸಕ್ಕರೆ ಹಂಚಿದೆ.

ಹೊರಡುವ ದಿನ ಬಸ್ಸಿನವರೆಗೆ ಹೋದೆ. ಅವಳ ಚೀಲದಲ್ಲಿ ನಮ್ಮೂರ ಕುರುಕಲು ತಿಂಡಿ ಸವಣೂರು ಖಾರದ ಎರಡು ಪೊಟ್ಟಣ ಇಟ್ಟೆ, ಒಂದು ಆ ಅಕ್ಕಿಆಲೂರಿನವನಿಗೆ.

“ನಿನ್ನ ಮಾತು ಮುಗದ ಮ್ಯಾಲೆ ಕೊಡವಾ. ಬಾಯಿ ತುಂಬ ಖಾರಾ ಇದ್ರ ಅಂವಾ ಹೂಂ ಹೆಂಗ ಅಂತಾನ?”

ಬಸ್ಸು ಹೊರಟಿತು. ಕಿಟಕಿಯಿಂದ ತಲೆ ಹೊರಗೆ ಹಾಕಿ ಗಿರಿಜಾ, “ಹೂಂ” ಅಂದಳು.